ವಾರಪತ್ರಿಕೆಯಿಂದ ಟಿವಿಗೆ: ಧೈರ್ಯವಾಗಿ ಹೋಗಿ

ವಾರಪತ್ರಿಕೆ ವರದಿಗಾರಿಕೆ ಬಿಟ್ಟು ಟಿವಿ ಪ್ರೊಡಕ್ಷನ್‌ಗೆ ಹೋದರೆ ಬರವಣಿಗೆ ಕೈತಪ್ಪುತ್ತಾ ಅಂತ ಕೇಳಿದ್ದೀರಿ. ಖಂಡಿತ ಇಲ್ಲ, ರೂಪ ಬದಲಾಗುತ್ತದೆ ಅಷ್ಟೇ. ಸ್ಕ್ರಿಪ್ಟಿನಲ್ಲಿ ಎರಡು ಕಾಲಂ: ಒಂದು ಕಡೆ ದೃಶ್ಯ, ಇನ್ನೊಂದು ಕಡೆ ಮಾತು. ಕೆರೆ ಬತ್ತಿದೆ ಅಂತ ಬರೆಯೋದು ಬೇಡ, ಬಿರುಕು ಬಿಟ್ಟ ನೆಲ ತೋರಿಸಿದರೆ ಆಯ್ತು. ಹೂಳೆತ್ತಲು ಬಂದ ದುಡ್ಡು ಎಲ್ಲಿ ಹೋಯ್ತು, ಅದನ್ನು ಮಾತಲ್ಲಿ ಹೇಳಿ. ಶಾಟ್ ಇಲ್ಲದಿದ್ದರೆ ಎಷ್ಟೇ ಒಳ್ಳೆ ಸಾಲಾದರೂ ಎಡಿಟಿಂಗ್‌ನಲ್ಲಿ ಹಾರಿಹೋಗುತ್ತದೆ. ಮೊದಮೊದಲು ಇದು ತುಂಬಾ ನೋಯಿಸುತ್ತದೆ.

ಇದೇ ದಾರಿಯಲ್ಲಿ ಹೋದ ಎಸ್.ಪಿ. ಸಿಂಗ್ ಹಿಂದಿಯ ‘ರವಿವಾರ್’ ವಾರಪತ್ರಿಕೆಯ ಸಂಪಾದಕರಾಗಿದ್ದವರು. 1995ರಲ್ಲಿ ದೂರದರ್ಶನದಲ್ಲಿ ಶುರುವಾದ 20 ನಿಮಿಷದ ಸುದ್ದಿ ಕಾರ್ಯಕ್ರಮ ‘ಆಜ್ ತಕ್’ ಕಟ್ಟಿದ್ದು ಅವರೇ. ಜನ ಆಡುವ ಹಿಂದಿಯನ್ನೇ ಸುದ್ದಿಗೆ ತಂದರು. ನಿಮ್ಮ ಮೂಲಗಳು, ಊರೂರಿನ ಪರಿಚಯಗಳು ಟಿವಿಯಲ್ಲೂ ಕೆಲಸಕ್ಕೆ ಬರುತ್ತವೆ. ಸೇರುವ ಮುಂಚೆ ಒಂದಿಷ್ಟು ದಿನ ವಿಡಿಯೊ ಎಡಿಟರ್ ಪಕ್ಕ ಸುಮ್ನೆ ಕೂತು ನೋಡಿ.