ಸ್ಮಿತಾ ಪಾಟೀಲ್ ಅವರನ್ನು ಬಹುಮುಖ ಪ್ರತಿಭೆಯ ನಟಿ ಎಂದು ಏಕೆ ಪರಿಗಣಿಸಲಾಗುತ್ತದೆ?

1955ರ ಅಕ್ಟೋಬರ್ 17ರಂದು ಪುಣೆಯಲ್ಲಿ ಜನಿಸಿದ ಸ್ಮಿತಾ ಪಾಟೀಲ್, ಮುಂಬಯಿ ದೂರದರ್ಶನದಲ್ಲಿ ಮರಾಠಿ ವಾರ್ತೆ ಓದುತ್ತಿದ್ದಾಗ ನಿರ್ದೇಶಕ ಶ್ಯಾಮ್ ಬೆನಗಲ್ ಅವರ ಗಮನ ಸೆಳೆದರು. ಜೀನ್ಸ್ ಮೇಲೆಯೇ ಸೀರೆ ಸುತ್ತಿಕೊಂಡು ಅವರು ಕ್ಯಾಮೆರಾದ ಮುಂದೆ ಕೂರುತ್ತಿದ್ದರೆಂಬ ಮಾತು ಇಂದಿಗೂ ಪ್ರಚಲಿತದಲ್ಲಿದೆ.

ಅವರ ಬಹುಮುಖತೆಗೆ ನನ್ನ ಮಟ್ಟಿಗೆ ಅತ್ಯುತ್ತಮ ಸಾಕ್ಷಿ 1977ರ ‘ಭೂಮಿಕಾ’. ಮರಾಠಿ ನಟಿ ಹಂಸಾ ವಾಡ್ಕರ್ ಅವರ ಆತ್ಮಕಥನವನ್ನು ಆಧರಿಸಿದ ಈ ಚಿತ್ರದಲ್ಲಿ, ತೆರೆಯ ಮೇಲೆ ಮೆರೆಯುವ ತಾರೆ ಮತ್ತು ಮನೆಯೊಳಗೆ ಉಸಿರುಗಟ್ಟುವ ಹೆಣ್ಣು, ಇಬ್ಬರನ್ನೂ ಒಂದೇ ದೇಹದಲ್ಲಿ ತೋರಿಸಿದ ಅವರಿಗೆ ರಾಷ್ಟ್ರಪ್ರಶಸ್ತಿ ದೊರೆತಾಗ ವಯಸ್ಸು ಇನ್ನೂ ಇಪ್ಪತ್ತರ ಆಸುಪಾಸಿನಲ್ಲಿತ್ತು. ಕೊಳೆಗೇರಿಯ ಬದುಕನ್ನು ಕುರಿತ ‘ಚಕ್ರ’ ಎರಡನೆಯ ರಾಷ್ಟ್ರಪ್ರಶಸ್ತಿಯನ್ನು ತಂದಿತು.

ಭಾಷೆಯ ಗಡಿ ಅವರನ್ನು ಕಟ್ಟಿಹಾಕಲಿಲ್ಲ. ಗುಜರಾತಿಯ ‘ಭವನಿ ಭವಾಯಿ’, ಬಂಗಾಳಿಯಲ್ಲಿ ಮೃಣಾಲ್ ಸೇನ್ ಅವರ ‘ಆಕಾಲೇರ್ ಸಂಧಾನೆ’, ಮಲಯಾಳದಲ್ಲಿ ಅರವಿಂದನ್ ಅವರ ‘ಚಿದಂಬರಂ’ ಅವರ ಖಾತೆಯಲ್ಲಿವೆ. ಕನ್ನಡದಲ್ಲಿ ಟಿ.ಎಸ್. ನಾಗಾಭರಣರ ‘ಅನ್ವೇಷಣೆ’ಯಲ್ಲಿ ಅನಂತ್ ನಾಗ್ ಅವರೊಂದಿಗೆ ನಟಿಸಿದರು. ಮರಾಠಿಯ ‘ಉಂಬರಠಾ’ದಲ್ಲಿ ಅವರ ಪತಿಯ ಪಾತ್ರ ನಮ್ಮ ಗಿರೀಶ್ ಕಾರ್ನಾಡರದು. ಇದೇ ಅವಧಿಯಲ್ಲಿ ‘ನಮಕ್ ಹಲಾಲ್’, ‘ಶಕ್ತಿ’ಯಂಥ ಜನಪ್ರಿಯ ಹಿಂದಿ ಚಿತ್ರಗಳಲ್ಲಿಯೂ ಕಾಣಿಸಿಕೊಂಡರು, ಅವು ಅವರ ಶಕ್ತಿಯನ್ನು ಪೂರ್ತಿಯಾಗಿ ಬಳಸಿಕೊಳ್ಳಲಿಲ್ಲವೆಂಬುದು ನನ್ನ ಅಭಿಪ್ರಾಯ.

1985ರಲ್ಲಿ ಪದ್ಮಶ್ರೀ ಪಡೆದ ಅವರು, ಮಗ ಜನಿಸಿದ ಕೆಲವೇ ದಿನಗಳಲ್ಲಿ, ಹೆರಿಗೆಯ ನಂತರದ ತೊಡಕುಗಳಿಂದಾಗಿ 1986ರ ಡಿಸೆಂಬರ್ 13ರಂದು, ಕೇವಲ 31ನೇ ವಯಸ್ಸಿನಲ್ಲಿ ತೀರಿಕೊಂಡರು. ಸುಬೇದಾರನ ದರ್ಪಕ್ಕೆ ಮಣಿಯದೆ ಮೆಣಸಿನಕಾಯಿ ಕಾರ್ಖಾನೆಯಲ್ಲಿ ಆಶ್ರಯ ಪಡೆಯುವ ಸೋನಬಾಯಿಯಾಗಿ ಅವರು ನಟಿಸಿದ ಕೇತನ್ ಮೆಹ್ತಾರ ‘ಮಿರ್ಚ್ ಮಸಾಲಾ’ ತೆರೆಕಂಡದ್ದು ಅವರ ನಿಧನದ ನಂತರ.