ತಪ್ಪು ನಮ್ಮದೇ ಆಗಿರುವಾಗ ತೆರವು ನೋಟಿಸಿಗೆ ಉತ್ತರ ಕೊಡಬೇಕೇ?

ನಕ್ಷೆಯ ಮಂಜೂರಾತಿ ಮೀರಿ ಮನೆಯ ಹಿಂದೆ ಕೋಣೆ ಕಟ್ಟಿದ್ದೀರಿ, ಏಳು ದಿನದಲ್ಲಿ ತೆರವುಗೊಳಿಸಿ ಎಂದು ನೋಟಿಸ್ ಬಂದಿದೆ, ತಪ್ಪು ನಮ್ಮದೇ ಆದ ಮೇಲೆ ಉತ್ತರ ಕೊಟ್ಟು ಏನು ಪ್ರಯೋಜನ ಎಂದು ಕೇಳಿದ್ದೀರಿ. ದಯವಿಟ್ಟು ಉತ್ತರ ಕೊಡಿ, ನಾಳೆಯೇ ಕೊಡಿ. ತಪ್ಪು ಎಷ್ಟು, ಅದಕ್ಕೆ ಕೆಡವುವುದೊಂದೇ ದಾರಿಯೇ ಎಂಬುದು ನಿಮ್ಮ ಮಾತು ಕೇಳದೆ ಯಾರಿಗೂ ತಿಳಿಯುವುದಿಲ್ಲ.

ಕೆಲವು ವರ್ಷಗಳ ಹಿಂದೆ ನಮ್ಮ ತಂದೆಯ ಮನೆಗೂ ಹೀಗೆಯೇ ನೋಟಿಸ್ ಬಂತು. ಸಂಜೆ ಕೆಲಸದಿಂದ ಮರಳಿದಾಗ ಬಾಗಿಲ ಪಕ್ಕದ ಗೋಡೆಯಲ್ಲಿ ಕಾಗದ ಕಂಡಿತು. ಅಂಚು ಮುಟ್ಟಿದರೆ ಅಂಟು ಇನ್ನೂ ಹಸಿಯಾಗಿತ್ತು, ಬೆರಳಿಗೆ ಮೆತ್ತಿಕೊಂಡಿತು. ಆದರೆ ಅದರ ಮೇಲಿದ್ದದ್ದು ಹನ್ನೊಂದು ದಿನ ಹಿಂದಿನ ದಿನಾಂಕ! ಕೊಟ್ಟಿದ್ದ ಎರಡು ವಾರದಲ್ಲಿ ನಮಗೆ ಉಳಿದದ್ದು ಮೂರೇ ದಿನ. ಫೋಟೊ ತೆಗೆದುಕೊಂಡೆ. ತಂದೆ ರಾತ್ರಿ ಕುಳಿತು ಕೈಯಲ್ಲೇ ಆಕ್ಷೇಪಣೆ ಬರೆದರು, ಬೆಳಿಗ್ಗೆ ಕಚೇರಿಯ ಟಪಾಲು ವಿಭಾಗದಲ್ಲಿ ಕೊಟ್ಟು ಪ್ರತಿಯ ಮೇಲೆ ಮುದ್ರೆ ಹಾಕಿಸಿಕೊಂಡೆವು. ವಿಚಾರಣೆಯ ದಿನ ಕಡತ ತೆರೆದಾಗ ಗೊತ್ತಾಯಿತು: ಅಳತೆಗೆ ಬಂದವರು ಮಂಜೂರಾದ ನಕ್ಷೆಯಲ್ಲೇ ಇದ್ದ ಹಳೆಯ ಮೆಟ್ಟಿಲನ್ನೂ ಅದರ ಹಿಂದಿನ ಕೋಣೆಯನ್ನೂ ಹೊಸ ಕಟ್ಟಡವೆಂದು ಬರೆದುಕೊಂಡಿದ್ದರು. ನಿಜಕ್ಕೂ ಮೀರಿದ್ದು ಎರಡೂವರೆ ಅಡಿ ಚಾಚಿದ್ದ ಸಜ್ಜಾ. ಅದನ್ನು ನಾವೇ ಮೇಸ್ತ್ರಿ ಕರೆಸಿ ತೆಗೆಸಿದೆವು, ಕೋಣೆ ಉಳಿಯಿತು. ಮಾತಾಡದೆ ಕುಳಿತಿದ್ದರೆ ಮೂರನೆಯ ದಿನ ಜೆಸಿಬಿ ಬರುತ್ತಿತ್ತು. ನೆಲಸಮವಾದ ಮೇಲೆ ನಮ್ಮದು ಸರಿ ಎಂದು ಸಾಬೀತಾದರೂ ಗೋಡೆ ಮರಳಿ ಏಳುವುದಿಲ್ಲ. ಅದಕ್ಕಾಗಿಯೇ ವಿಚಾರಣೆ ಕೆಡವುವ ಮೊದಲೇ ಆಗಬೇಕು ಎಂದು ನಾನು ಇಷ್ಟು ಹಟ ಹಿಡಿಯುವುದು.

ಇದು ಹಳೆಯ ನ್ಯಾಯ. ಇಂಗ್ಲೆಂಡಿನ ವಾಂಡ್ಸ್‌ವರ್ತ್ ಸ್ಥಳೀಯ ಮಂಡಳಿ, ಕಟ್ಟುವ ಏಳು ದಿನ ಮೊದಲು ತನಗೆ ತಿಳಿಸಲಿಲ್ಲವೆಂದು ಕೂಪರ್ ಎಂಬವರ ಅರ್ಧ ಎದ್ದಿದ್ದ ಮನೆಯನ್ನು ಕೆಡವಿಸಿತು. ಕೆಡವುವ ಅಧಿಕಾರ ಕಾಯ್ದೆಯಲ್ಲಿತ್ತು, ಮಾತು ಕೇಳಬೇಕೆಂದು ಎಲ್ಲೂ ಬರೆದಿರಲಿಲ್ಲ. ಆದರೂ ಮಾತು ಕೇಳದೆ ಕೆಡವಿದ್ದು ತಪ್ಪೆಂದು 1863ರಲ್ಲಿ ನ್ಯಾಯಾಲಯ ಕೂಪರ್ ಪರ ನಿಂತಿತು.

ನಮ್ಮಲ್ಲಿ 2024ರ ನವೆಂಬರ್ 13ರಂದು ಸುಪ್ರೀಂ ಕೋರ್ಟಿನ ನ್ಯಾಯಮೂರ್ತಿಗಳಾದ ಬಿ.ಆರ್. ಗವಾಯಿ ಮತ್ತು ಕೆ.ವಿ. ವಿಶ್ವನಾಥನ್ ಅವರ ಪೀಠ ನೀಡಿದ ತೀರ್ಪನ್ನು ಪೂರ್ತಿ ಓದಿ. ನೋಟಿಸ್ ತಲುಪಿದ ಮೇಲೆ 15 ದಿನ ಅಥವಾ ಸ್ಥಳೀಯ ಕಾನೂನು ಹೇಳುವ ಅವಧಿ, ಇವೆರಡರಲ್ಲಿ ಯಾವುದು ಹೆಚ್ಚೋ ಅಷ್ಟು ಕಾಲ ಕೊಡಬೇಕು. ಹಾಗಾಗಿ ನಿಮ್ಮ ಮೊದಲ ಆಕ್ಷೇಪವೇ ಆ ಏಳು ದಿನ. ನೋಟಿಸನ್ನು ನೋಂದಾಯಿತ ಅಂಚೆಯಲ್ಲಿ ಕಳಿಸಬೇಕು, ಕಟ್ಟಡಕ್ಕೂ ಅಂಟಿಸಬೇಕು, ಹಿಂದಿನ ದಿನಾಂಕ ಹಾಕಲು ಬಾರದಂತೆ ಜಿಲ್ಲಾಧಿಕಾರಿ ಕಚೇರಿಗೆ ಇಮೇಲ್ ಮಾಡಬೇಕು. (ಇದನ್ನು ಓದಿದಾಗ ಆ ಹಸಿ ಅಂಟು ನೆನಪಾಯಿತು.) ಖುದ್ದು ವಿಚಾರಣೆ ನಡೆಸಿ ಕಾರಣ ಸಹಿತ ಆದೇಶ ಬರೆಯಬೇಕು. ಉಲ್ಲಂಘನೆಯನ್ನು ಸಕ್ರಮಗೊಳಿಸಬಹುದೇ, ಒಂದು ಭಾಗವಷ್ಟೇ ಅನಧಿಕೃತವಾಗಿದ್ದರೆ ಕೆಡವುವುದೇ ಏಕೆ ಎಂಬುದಕ್ಕೆ ಆದೇಶದಲ್ಲಿ ಉತ್ತರ ಇರಬೇಕು. ಆದೇಶ ಕೈಸೇರಿದ ಮೇಲೂ 15 ದಿನ ಮುಟ್ಟುವಂತಿಲ್ಲ. ಮೇಲ್ಮನವಿಗೆ, ತಡೆಯಾಜ್ಞೆಗೆ ಓಡಾಡಲು ಇರುವ ಕಾಲ ಅದು. ಇದನ್ನು ಮೀರಿ ಕೆಡವಿದ ಅಧಿಕಾರಿ ತನ್ನ ಸ್ವಂತ ಖರ್ಚಿನಲ್ಲಿ ಕಟ್ಟಿಕೊಡಬೇಕಾಗುತ್ತದೆ.

ನಿಮ್ಮ ಕೋಣೆ ರಸ್ತೆ, ಪಾದಚಾರಿ ಮಾರ್ಗ, ಕೆರೆ, ನದಿ ಅಥವಾ ರೈಲು ಮಾರ್ಗದ ಜಾಗದಲ್ಲಿದ್ದರೆ ಮಾತ್ರ ಈ ನಿರ್ದೇಶನಗಳು ಅನ್ವಯಿಸುವುದಿಲ್ಲ. ನ್ಯಾಯಾಲಯವೇ ತೆರವಿಗೆ ಆದೇಶಿಸಿದ್ದರೂ ಅಷ್ಟೇ.

ಉತ್ತರದಲ್ಲಿ ಸುಳ್ಳು ಬರೆಯಬೇಡಿ. ಮೀರಿದ್ದು ಎಷ್ಟು ಅಡಿ ಎಂದು ನೀವೇ ಅಳೆದು ಬರೆಯಿರಿ, ಮಂಜೂರಾದ ನಕ್ಷೆಯ ಪ್ರತಿ ಲಗತ್ತಿಸಿ, ಸಕ್ರಮಕ್ಕೆ ಅವಕಾಶವಿದೆಯೇ ಎಂದು ಕೇಳಿ, ಖುದ್ದು ವಿಚಾರಣೆ ಬೇಕೆಂದು ಸ್ಪಷ್ಟವಾಗಿ ನಮೂದಿಸಿ. ನೋಟಿಸ್ ಬಂದ ಲಕೋಟೆಯನ್ನು ಎಸೆಯಬೇಡಿ, ಅದರ ಮೇಲಿನ ಅಂಚೆ ಮುದ್ರೆಯ ದಿನಾಂಕ ನಿಮಗೆ ಬೇಕಾಗುತ್ತದೆ.