ಜೆಟ್ ಲಿ ಚಿತ್ರ ನೋಡಿದ ಮೇಲೆ 1949ರ ವಾಂಗ್ ಫೇ-ಹಂಗ್ ಸಿನಿಮಾ ನೋಡಬಹುದಾ?

ನೋಡಬಹುದು. ಆದರೆ ಜೆಟ್ ಲಿ ಇದೇ ವಾಂಗ್ ಫೇ-ಹಂಗ್ ಆಗಿ ನಟಿಸಿದ 1991ರ 'ಒನ್ಸ್ ಅಪಾನ್ ಎ ಟೈಮ್ ಇನ್ ಚೈನಾ' ನೋಡಿದ ಜೋಶ್‌ನಲ್ಲೇ ಕೂತರೆ ಸ್ವಲ್ಪ ಹೊತ್ತಿಗೇ ಬೇಜಾರಾಗುತ್ತದೆ, ಮೊದಲೇ ಹೇಳಿಬಿಡುತ್ತೇನೆ. 1949ರದ್ದು ಹಾಂಗ್‌ಕಾಂಗ್‌ನಲ್ಲಿ ವೂ ಪಾಂಗ್ ನಿರ್ದೇಶಿಸಿದ, ಕ್ಯಾಂಟೊನೀಸ್ (ದಕ್ಷಿಣ ಚೀನಾದ ಭಾಷೆ) ಕಪ್ಪು-ಬಿಳುಪು ಚಿತ್ರ. ಹೊಡೆದಾಟ ನಿಧಾನ. ಕ್ಯಾಮೆರಾ ಜಾಸ್ತಿ ಓಡಾಡುವುದಿಲ್ಲ.

ನನಗೆ ಇಷ್ಟವಾಗುವುದೇ ಅದು. ಅದಕ್ಕೂ ಮುಂಚಿನ ಕತ್ತಿವರಸೆ ಚಿತ್ರಗಳಲ್ಲಿ ವೀರರು ಗಾಳಿಯಲ್ಲಿ ಹಾರುತ್ತಿದ್ದರು, ಅಂಗೈಯಿಂದ ಬೆಳಕು ಬಿಡುತ್ತಿದ್ದರು. ಇಲ್ಲಿ ಹಾಗಲ್ಲ, ದಕ್ಷಿಣ ಚೀನಾದ ನಿಜವಾದ ಪಟ್ಟುಗಳು ಕಾಣಿಸುತ್ತವೆ. ವಾಂಗ್ ಫೇ-ಹಂಗ್ ಸುಮ್ನೆ ಕಟ್ಟಿದ ಪಾತ್ರ ಅಲ್ಲ ಅಲ್ವಾ. ದಕ್ಷಿಣ ಚೀನಾದ ಫೋಷಾನ್ ಕಡೆಯವರು, ಹಂಗ್ ಗಾ ಅನ್ನೋ ಕುಂಗ್‌ಫು ಶೈಲಿಯ ಗುರು, ಜೊತೆಗೆ ಪೋ ಚಿ ಲಾಮ್ ಅನ್ನೋ ಔಷಧಾಲಯ ಇಟ್ಟುಕೊಂಡಿದ್ದ ವೈದ್ಯರು. ತೀರಿಕೊಂಡದ್ದು 1920ರ ದಶಕದಲ್ಲಿ, ಹಾಗಾಗಿ ಸಿನಿಮಾ ಬಂದಾಗ ಅವರ ಶಿಷ್ಯರ ಶಿಷ್ಯರು ಹಾಂಗ್‌ಕಾಂಗ್‌ನಲ್ಲಿ ಇನ್ನೂ ಕುಂಗ್‌ಫು ಕಲಿಸುತ್ತಿದ್ದರು. ಅವರಲ್ಲೊಬ್ಬರು ಲಾವ್ ಚಾಮ್. 1949ರ ಚಿತ್ರದಿಂದ ಶುರುವಾದ ಸರಣಿಯಲ್ಲಿ ಅವರು ಮಾಡಿದ್ದು ತಮ್ಮ ಸ್ವಂತ ಗುರು, ವಾಂಗ್ ಅವರ ಶಿಷ್ಯ ಲಾಮ್ ಸಾಯ್-ವಿಂಗ್ ಅವರ ಪಾತ್ರವನ್ನೇ! ಲಾವ್ ಚಾಮ್ ಮಗ ಲಾವ್ ಕಾರ್-ಲ್ಯುಂಗ್ ಇದೇ ಸರಣಿಯಲ್ಲಿ ಪಳಗಿ, ಮುಂದೆ 1978ರಲ್ಲಿ 'ದಿ 36ತ್ ಚೇಂಬರ್ ಆಫ್ ಶಾವೊಲಿನ್' ನಿರ್ದೇಶಿಸಿದರು. ಕುಂಗ್‌ಫು ಚಿತ್ರಗಳ ಅರ್ಧ ವಂಶಾವಳಿ ಇಲ್ಲೇ ಇದೆ ಅಂದರೂ ತಪ್ಪಿಲ್ಲ.

ಇನ್ನು ನಾಯಕ ಕ್ವಾನ್ ತಕ್-ಹಿಂಗ್. ಕ್ಯಾಂಟೊನೀಸ್ ಒಪೆರಾದಿಂದ ಬಂದವರು, ಆ ನಿಲುವು, ಆ ಗತ್ತು ರಂಗಭೂಮಿಯದೇ. ಜೆಟ್ ಲಿ ತರಹ ಹುಡುಗನಲ್ಲ, ಮನೆಯ ಹಿರಿಯರಂತೆ ಮೊದಲು ಬುದ್ಧಿ ಹೇಳುತ್ತಾರೆ, ಆಮೇಲೂ ಹೇಳುತ್ತಾರೆ, ಬೇರೆ ದಾರಿಯೇ ಇಲ್ಲ ಅಂದಾಗ ಕೈ ಎತ್ತುತ್ತಾರೆ. ಕೆಲವೊಮ್ಮೆ ಉಪದೇಶ ಅತಿ ಅನಿಸುತ್ತದೆ, ನಿಜ. ಎದುರಿಗೆ ಖಳ ಶೆಕ್ ಕಿನ್, ನಿಮಗೆ ಮುಖ ಪರಿಚಯ ಇರುತ್ತದೆ: 'ಎಂಟರ್ ದಿ ಡ್ರ್ಯಾಗನ್'ನಲ್ಲಿ ಬ್ರೂಸ್ ಲೀ ಜೊತೆ ಕನ್ನಡಿ ಕೋಣೆಯಲ್ಲಿ ಹೊಡೆದಾಡಿದವರು ಇವರೇ. ಈ ಜೋಡಿಗೆ ಜನ ಎಷ್ಟು ಒಗ್ಗಿಕೊಂಡರು ಅಂದರೆ 1956 ಒಂದೇ ವರ್ಷದಲ್ಲಿ ವಾಂಗ್ ಫೇ-ಹಂಗ್ ಮೇಲೆ ಸುಮಾರು 25 ಚಿತ್ರ ಬಂದವು. ಕ್ವಾನ್ ಒಟ್ಟು 70ಕ್ಕೂ ಹೆಚ್ಚು ಸಲ ಅದೇ ಪಾತ್ರ ಮಾಡಿದರು.

ಹಳೇ ಚಿತ್ರಕ್ಕೆ ನೇರ ಹೋಗಲು ಕಷ್ಟ ಅನಿಸಿದರೆ ಮೊದಲು 1979ರ 'ದಿ ಮ್ಯಾಗ್ನಿಫಿಸೆಂಟ್ ಬುಚರ್' ನೋಡಿ. ಅದರಲ್ಲೂ ವಾಂಗ್ ಆಗಿ ಕ್ವಾನ್ ಅವರೇ ಇದ್ದಾರೆ. ವಯಸ್ಸು ಎಪ್ಪತ್ತು ದಾಟಿತ್ತು, ಆದರೂ ಒಂದು ಕಡೆ ಎದುರಾಳಿಯನ್ನು ತಡೆಯುತ್ತಲೇ ಬ್ರಷ್ ಹಿಡಿದು ಅಕ್ಷರ ಬರೆಯುವ ದೃಶ್ಯ ಇದೆ. ಅದು ಹಿಡಿಸಿದರೆ 1949ರದ್ದೂ ಹಿಡಿಸುತ್ತದೆ.